ಹನ್ನೆರಡನೆಯವನ ಕ್ಯಾಚು

ಚಾಪೆಲ್ ಲೇನ್,
ಹಾರ್ಬಿ ಸೇಂಟ್ ಮೇರಿ
ಸೆಪ್ಟೆಂಬರ್ 3, 1967

ನನ್ನ ಪ್ರೀತಿಯ ಮುರಿಯಲ್ ಅಕ್ಕನಿಗೆ,

ನಾನು ಬದುಕಿದ್ದೇನೆ. ಇದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು. ನಿನ್ನ ಕಳೆದ ಪತ್ರದ ಧಾಟಿ ನೋಡಿದರೆ, ನೀನು ಆ ನ್ಯೂಜಿಲೆಂಡಿನ ಮೂಲೆಯಲ್ಲಿ ಕುಳಿತು ನನ್ನ ಅಂತ್ಯಕ್ರಿಯೆಗೆ ಆಗಲೇ ಕಪ್ಪು ಟೋಪಿ ಹುಡುಕುತ್ತಿದ್ದ ಹಾಗಿತ್ತು. ಉತ್ತರ ಬರೆಯದೆ ಇಡೀ ಬೇಸಿಗೆ ಕಳೆದುಬಿಟ್ಟೆ, ಕ್ಷಮಿಸು. ನೀನು ಕಳಿಸಿದ ಕುರಿಚರ್ಮದ ಚಪ್ಪಲಿಗಳು ಈಸ್ಟರ್‌ಗೆ ಮುಂಚೆಯೇ ಬಂದು ತಲುಪಿದವು. ಬಹಳ ಬೆಚ್ಚಗಿವೆ. ಒಂದನ್ನು ನಾನು ಹಾಕಿಕೊಳ್ಳುತ್ತೇನೆ. ಇನ್ನೊಂದರಲ್ಲಿ ಬೆಕ್ಕು ಮರಿ ಹಾಕಿದೆ.

ತಡವಾದದ್ದಕ್ಕೆ ಕಾರಣ ಏನೆಂದು ನೀನು ಕೇಳಬೇಕಾಗಿಲ್ಲ. ನನ್ನ ಜೀವನದಲ್ಲಿ ತಡವಾದದ್ದಕ್ಕೆಲ್ಲ ಒಂದೇ ಕಾರಣ, ಅದಕ್ಕೆ ಎರಡು ಕಾಲು, ಒಂದು ಬ್ಯಾಟು, ಮಂಡಿಯಲ್ಲಿ ಹುಲ್ಲಿನ ಕಲೆ. ನಿನ್ನ ಗಂಡ ಬಾಸಿಲ್ ಕೇಳಿದ್ದಾನಲ್ಲ, “ಅವೆರಿಲ್ ಗಂಡ ಇಂಗ್ಲೆಂಡ್ ಪರವಾಗಿ ಆಡ್ತಾನಾ?” ಎಂದು, ಅದನ್ನು ಹೆಡ್ಲಿಗೆ ಓದಿ ಹೇಳಿದೆ. ಅವನು ಪೈಪು ಕೆಳಗಿಟ್ಟು ಬಹಳ ಹೊತ್ತು ಯೋಚಿಸಿ, “ಒಂದು ರೀತೀಲಿ ಹೌದು ಅಂತ ಬರಿ” ಎಂದ.

ನಾನು ಹಾಗೆ ಬರೆಯುವುದಿಲ್ಲ. ಬಾಸಿಲ್‌ಗೆ ಹೇಳು: ಇಲ್ಲಿ ದೊಡ್ಡ ಜಿಲ್ಲೆಗಳಿವೆ, ಸಣ್ಣ ಜಿಲ್ಲೆಗಳಿವೆ. ದೊಡ್ಡ ಜಿಲ್ಲೆಯವರು ಆಟವಾಡಿಯೇ ಹೊಟ್ಟೆ ಹೊರೆಯುತ್ತಾರೆ, ಹುಡುಗರು ಅವರ ಚಿತ್ರಗಳನ್ನು ಕೂಡಿಡುತ್ತಾರೆ. ಸಣ್ಣ ಜಿಲ್ಲೆಯವರು ಹೊಟ್ಟೆ ಹೊರೆಯುವ ಕೆಲಸಕ್ಕೆ ರಜೆ ಹಾಕಿ ಆಡುತ್ತಾರೆ. ಅವರ ಹೆಸರು ಪತ್ರಿಕೆಯಲ್ಲಿ ಹಂದಿಮರಿಗಳ ಧಾರಣೆಯ ಕೆಳಗೆ ಬರುತ್ತದೆ, ಅದೂ ಕಾಗುಣಿತ ತಪ್ಪಾಗಿ. ನಮ್ಮದು ಸಣ್ಣ ಜಿಲ್ಲೆ. ನಮ್ಮ ತಂಡದಲ್ಲಿ ಒಬ್ಬ ಹಲ್ಲಿನ ಡಾಕ್ಟರಿದ್ದಾನೆ, ಒಬ್ಬ ಪಾದ್ರಿಯಿದ್ದಾನೆ, ಶವಪೆಟ್ಟಿಗೆ ಮಾಡುವವನೊಬ್ಬನಿದ್ದಾನೆ. ಯಾರಿಗಾದರೂ ಪೆಟ್ಟಾದರೆ ಕೊನೆಯತನಕದ ವ್ಯವಸ್ಥೆಯೂ ನಮ್ಮಲ್ಲೇ ಇದೆ ಎಂದು ಹೆಡ್ಲಿ ಹೆಮ್ಮೆಯಿಂದ ಹೇಳಿಕೊಳ್ಳುತ್ತಾನೆ.

ಹೆಡ್ಲಿಯ ಪಾಲಿಗೆ ಬಂದಿರುವುದು ಆಲೂಗಡ್ಡೆ. ಬಿತ್ತನೆ ಆಲೂಗಡ್ಡೆ ಮಾರುವ ಕೆಲಸವನ್ನು ಅವನು ಯಾಕೆ ಹಿಡಿದನೆಂದು ಮದುವೆಯಾದ ಹೊಸತರಲ್ಲಿ ನನಗೆ ಅರ್ಥವಾಗಿರಲಿಲ್ಲ. ಆಮೇಲೆ ತಿಳಿಯಿತು. ಎಲ್ಲೆಲ್ಲಿ ಆಟದ ಮೈದಾನವಿದೆಯೋ ಅದರ ಸುತ್ತಮುತ್ತಲ ರೈತರ ಮೇಲೆ ಅವನಿಗೆ ಬಹಳ ಕಾಳಜಿ. ಮೈದಾನವಿಲ್ಲದ ಕಡೆಯ ರೈತರು ಅವನ ಮುಖವನ್ನೇ ನೋಡಿಲ್ಲ. ಅವರು ಏನು ಬಿತ್ತುತ್ತಾರೋ ದೇವರಿಗೇ ಗೊತ್ತು.

ನಮ್ಮ ಮಧುಚಂದ್ರ ನ್ಯೂಕ್ಯಾಸಲ್‌ನಲ್ಲಿ ಆದದ್ದು ನಿನಗೆ ನೆನಪಿರಬಹುದು. “ಸಮುದ್ರದ ಹತ್ತಿರ” ಎಂದಷ್ಟೇ ಹೇಳಿ ಕರೆದುಕೊಂಡು ಹೋಗಿದ್ದ. ಪೆಟ್ಟಿಗೆ ಬಿಚ್ಚಿದರೆ ನನ್ನ ರೇಷ್ಮೆ ಉಡುಪಿನ ಮೇಲೆ ಅವನ ಕಾಲಿನ ಪ್ಯಾಡುಗಳು ಮಲಗಿದ್ದವು. ಮಗಳು ಜೂನ್‌ಳ ನಾಮಕರಣ ಸರಿಯಾದ ದಿನಕ್ಕೆ ಆದದ್ದು ದೇವರ ದಯೆಯಿಂದ. ದೇವರು ಬೆಳಿಗ್ಗೆಯೇ ಜೋರು ಮಳೆ ಸುರಿಸಿ ಆಟ ನಿಲ್ಲಿಸಿದ್ದ.

ಇಷ್ಟಾದರೂ ಅವನು ದೊಡ್ಡ ಹೊಡೆತಗಾರನೆಂದು ತಿಳಿಯಬೇಡ. ಹೆಡ್ಲಿ ರನ್ ಹೊಡೆಯುವುದಿಲ್ಲ, ಕಾಯುತ್ತಾನೆ. ರನ್ನುಗಳೇ ಬೇಸತ್ತು ಅವನ ಹತ್ತಿರ ಬರುತ್ತವೆ. ಒಮ್ಮೆ ನಾರ್ಫೋಕ್ ವಿರುದ್ಧ ಆಡುತ್ತಿದ್ದಾಗ ನಮ್ಮ ಪಾದ್ರಿ ಔಟಾಗಿ, ಊರಿಗೆ ಹೋಗಿ, ಒಂದು ಮದುವೆ ಮಾಡಿಸಿ, ಅಲ್ಲಿ ಊಟ ಮುಗಿಸಿ ವಾಪಸು ಬಂದಾಗ ಹೆಡ್ಲಿಯ ಲೆಕ್ಕಕ್ಕೆ ನಾಲ್ಕೇ ರನ್ ಸೇರಿತ್ತು. “ಒಂದು ಮಾತ್ರ ಹೇಳ್ತೀನಿ, ನಾನು ಮದುವೆ ಮಾಡಿಸಿದ ಗಂಡು ಹೆಣ್ಣು ಇಷ್ಟು ಗಟ್ಟಿಯಾಗಿ ನಿಂತ್ರೆ ಸಾಕು” ಎಂದು ಪಾದ್ರಿಗಳು ಅಂದರಂತೆ. ಹೆಡ್ಲಿ ಅದನ್ನು ಹೊಗಳಿಕೆ ಎಂದೇ ಎಣಿಸಿದ್ದಾನೆ.

ಈಗ ಈ ವರ್ಷದ ಕಥೆಗೆ ಬರುತ್ತೇನೆ. ದೊಡ್ಡ ಜಿಲ್ಲೆಗಳೂ ಸಣ್ಣ ಜಿಲ್ಲೆಗಳೂ ಒಟ್ಟಿಗೆ ಸೇರಿ ಆಡುವ ಒಂದು ಕಪ್ ಪಂದ್ಯಾವಳಿ ಇದೆ. ಚೀಟಿ ಎತ್ತಿ ಯಾರಿಗೆ ಯಾರು ಎಂದು ಗೊತ್ತುಮಾಡುತ್ತಾರೆ. ಈ ಸಲ ನಮ್ಮ ಪಾಲಿಗೆ ಬಂದದ್ದು ಯಾರು ಎಂದುಕೊಂಡೆ? ಹಾಲ್ರಾಯ್ಡ್ ಇರುವ ತಂಡ! ಇಂಗ್ಲೆಂಡ್ ಪರ ಆಡುವ ಹಾಲ್ರಾಯ್ಡ್, ಆಸ್ಟ್ರೇಲಿಯದವರನ್ನು ಅಳಿಸಿದ ಹಾಲ್ರಾಯ್ಡ್. ಅದೂ ನಮ್ಮ ಊರಿನಲ್ಲಿ, ನಮ್ಮದೇ ಮೈದಾನದಲ್ಲಿ, ಕುದುರೆ ಸಂತೆಯ ಹಿಂದಿನ ಆ ಬಯಲಿನಲ್ಲಿ.

ಹೆಡ್ಲಿಗೆ ಸುದ್ದಿ ತಿಳಿದದ್ದು ಬೆಳಗಿನ ತಿಂಡಿಯ ಹೊತ್ತಿನಲ್ಲಿ. ಮೊಟ್ಟೆಗೆ ಉಪ್ಪು ಹಾಕುವ ಬದಲು ಚಹಾಕ್ಕೆ ಹಾಕಿಕೊಂಡ, ಅದನ್ನು ಕುಡಿದೂ ಬಿಟ್ಟ. “ಅವೆರಿಲ್, ಇದಕ್ಕೇ ಕಣೇ ನಾನು ಇಷ್ಟು ವರ್ಷ ನಿಲ್ಲದೆ ಆಡಿದ್ದು” ಎಂದ. ಅವನ ಕಣ್ಣಲ್ಲಿ ನೀರಿತ್ತು. ಉಪ್ಪಿನ ಚಹಾದಿಂದಲೂ ಇರಬಹುದು.

ಅಂದಿನಿಂದ ಅಭ್ಯಾಸ ಶುರುವಾಯಿತು. ಅವನಿಗೀಗ ಐವತ್ತರ ಹತ್ತಿರ, ಅಕ್ಕಾ. ಬೆಳಗಾದರೆ ಓವರ್‌ಕೋಟು ತೊಟ್ಟು ಕಾಲುವೆಯ ದಂಡೆಯ ಮೇಲೆ ಓಡಲು ಹೋಗುತ್ತಿದ್ದ. ಹಾಲಿನವನು ಗಾಡಿ ನಿಲ್ಲಿಸಿ, “ಬಸ್ಸು ತಪ್ಪೋಯ್ತಾ ಬ್ರಾಕನ್‌ಬರಿಯವ್ರೇ? ಹತ್ತಿ, ಬಿಡ್ತೀನಿ” ಎನ್ನುತ್ತಿದ್ದ. ಮೂರನೆಯ ದಿನ ಇವನು ಹತ್ತಿದ. ಸಂಜೆ ಟೊಮೇಟೊ ಬೆಳೆಯುವ ಗಾಜಿನ ಮನೆಯಲ್ಲಿ ಬ್ಯಾಟು ಬೀಸುತ್ತಿದ್ದ. ನಾನು ಅವನ ಬಿಳಿ ಪ್ಯಾಂಟಿನ ಸೊಂಟ ಬಿಚ್ಚಿ ಹಿಗ್ಗಿಸಿದೆ. ಹಿಗ್ಗಿಸಲು ಇನ್ನು ಬಟ್ಟೆಯೇ ಉಳಿದಿರಲಿಲ್ಲವಾದ್ದರಿಂದ ಹಿಂಭಾಗಕ್ಕೆ ದಿಂಬಿನ ಚೀಲದ ತುಂಡೊಂದನ್ನು ಸೇರಿಸಿದೆ.

ಪಂದ್ಯಕ್ಕೆ ಇನ್ನೊಂದು ವಾರವಿದೆ ಎನ್ನುವಾಗ ಮೇಜರ್ ಸ್ಕ್ರಿಮ್‌ಶಾ ಮನೆಗೆ ಬಂದರು. ತಂಡವನ್ನು ಆರಿಸುವ ಸಮಿತಿಗೆ ಅವರೇ ಅಧ್ಯಕ್ಷರು. ಹೆಡ್ಲಿ ಆಲೂಗಡ್ಡೆಯ ಕೆಲಸದ ಮೇಲೆ ಹೊರಗೆ ಹೋಗಿದ್ದ, ಅದನ್ನು ಖಚಿತ ಮಾಡಿಕೊಂಡೇ ಬಂದಿದ್ದರು. ನಾನು ಗೂಸ್‌ಬೆರಿ ಜಾಮು ಕಾಯಿಸುತ್ತಿದ್ದೆ. ಅಡುಗೆಮನೆಯಲ್ಲೇ ಕುಳಿತರು. ಒಣದ್ರಾಕ್ಷಿಯ ಬ್ರೆಡ್ಡು ಕೊಟ್ಟೆ, ಬೆಣ್ಣೆ ಹಚ್ಚಿ ತಿಂದರು. ಹವಾಮಾನ ಹೇಳಿದರು. ಇನ್ನೊಂದು ತುಂಡು ತಿಂದರು. ತಮ್ಮ ಗುಲಾಬಿ ಗಿಡಗಳಿಗೆ ಬಂದ ರೋಗ ಹೇಳಿದರು. ಮತ್ತೊಂದು ತುಂಡಿಗೆ ಕೈ ಹಾಕಿದಾಗ ನಾನು ತಟ್ಟೆಯನ್ನು ಎಳೆದುಕೊಂಡೆ.

“ಮೇಜರ್ ಸಾಹೇಬ್ರೇ, ಹೇಳಕ್ಕೆ ಬಂದದ್ದು ಹೇಳ್ಬಿಡಿ. ಜಾಮು ತಳ ಹಿಡೀತಿದೆ.”

“ಹುಡುಗ ಒಬ್ಬ ಇದಾನಮ್ಮಾ, ಪಿಕ್‌ವರ್ತ್ ಅಂತ. ನೈಜೆಲ್ ಪಿಕ್‌ವರ್ತ್. ಕೇಂಬ್ರಿಜ್‌ನಲ್ಲಿ ಓದ್ತಾ ಇದಾನೆ. ಚೆನ್ನಾಗಿ ಹೊಡೀತಾನೆ. ಈಗಿನ ಆಟ ಬೇರೆ ನೋಡಿ, ಒಂದೇ ದಿನದಲ್ಲಿ ಮುಗೀಬೇಕು. ನಮ್ಮ ಹೆಡ್ಲಿ ಕ್ರೀಸಿಗೆ ಹೋದ್ರೆ…”

“ಹೋದ್ರೆ?”

“ದಿನ ಸಾಲಲ್ಲ” ಎಂದರು ಮೇಜರ್, ತಲೆ ತಗ್ಗಿಸಿ.

ನನಗೆ ಬಂದ ಸಿಟ್ಟಿಗೆ ಸೌಟಿನಲ್ಲಿದ್ದ ಜಾಮನ್ನು ಅವರ ಮೀಸೆಗೆ ಬಳಿದುಬಿಡುತ್ತಿದ್ದೆ. ಆದರೆ ಅವರು ಹೇಳಿದ್ದು ಸುಳ್ಳಲ್ಲವಲ್ಲ. “ಸರಿ, ಅವನು ಬರೋ ಹೊತ್ತಾಯ್ತು. ಕೂತಿರಿ, ನೀವೇ ಹೇಳಿ” ಎಂದೆ.

ಮೇಜರ್ ಎದ್ದು ನಿಂತೇಬಿಟ್ಟರು. “ಅಯ್ಯಯ್ಯೋ, ನನ್ನ ಕೈಲಿ ಆಗಲ್ಲಮ್ಮ. ನೀವೇ ಯಾವಾಗಲಾದ್ರೂ, ಅವನ ಹೊಟ್ಟೆ ತುಂಬಿರೋವಾಗ…”

“ಯುದ್ಧದಲ್ಲಿ ಜರ್ಮನ್ ಟ್ಯಾಂಕಿಗೆ ಎದೆ ಕೊಟ್ಟು ನಿಂತೋರು ನೀವು!”

“ಟ್ಯಾಂಕು ನನ್ನ ಮುಖ ನೋಡ್ತಾ ಇರ್ಲಿಲ್ಲ” ಎಂದರು. ಬಾಗಿಲ ಹತ್ತಿರ ಹೋಗಿ ತಿರುಗಿ, “ಹನ್ನೆರಡನೆಯವನಾಗಿ ಇರಲಿ ಅಂತ ಹೇಳಿ. ಯಾರಿಗಾದ್ರೂ ಪೆಟ್ಟಾದ್ರೆ ಮೈದಾನಕ್ಕಿಳೀಬಹುದು. ನೀರು, ಪಾನಕ ತೊಗೊಂಡು ಹೋಗೋ ಜವಾಬ್ದಾರಿ ಇದ್ದೇ ಇದೆ” ಎಂದು ಹೇಳಿ ಸೈಕಲ್ ಹತ್ತಿ ಓಡಿಹೋದರು.

ಆ ಸಂಜೆ ಹೇಳೋಣವೆಂದು ಅವನಿಗೆ ಇಷ್ಟವಾದ ಹಂದಿಮಾಂಸದ ಹ್ಯಾಸ್ಲೆಟ್ ಮಾಡಿ ಬಡಿಸಿದೆ. ಬಾಯಿ ತೆರೆಯುವಷ್ಟರಲ್ಲಿ ಅವನೇ ಶುರುಮಾಡಿದ. “ಕಸಾಯಿ ಅಂಗಡಿಯೋನು ಹಾಲ್ರಾಯ್ಡ್‌ನ ಹತ್ರ ಕೈ ಕುಲುಕಿಸಿಕೊಡು ಅಂದ. ಆಗ್ಲಿ, ಮಾಡಿಸೋಣ ಅಂದೆ.” ಮರುದಿನ ಹೇಳೋಣವೆಂದರೆ ಅಂದು ಭಾನುವಾರ. ಚರ್ಚಿನಲ್ಲಿ ಪಾದ್ರಿಗಳು ಪ್ರಾರ್ಥನೆಯ ನಡುವೆ “ನಮ್ಮ ಸೋದರ ಹೆಡ್ಲಿಯ ದೃಢತೆಗಾಗಿ” ಎಂದು ಸೇರಿಸಿಬಿಟ್ಟರು. ಅದೇ ಪಾದ್ರಿ ಸಮಿತಿಯಲ್ಲೂ ಇದ್ದಾರೆ, ಅಕ್ಕಾ! ಅವರಿಗೆ ಎಲ್ಲ ಗೊತ್ತಿತ್ತು. ನಾನು ಅವರ ಕಡೆ ನೋಡಿದೆ, ಅವರು ಏಸುವಿನ ಕಡೆ ನೋಡಿದರು.

ಕೊನೆಗೆ ಸೋಮವಾರ ಗಾಜಿನ ಮನೆಗೆ ಹೋಗಿ ಹೇಳಿದೆ. ಟೊಮೇಟೊ ಸಾಲಿನ ನಡುವೆ ನಿಂತು ಮುಂಗಾಲು ಚಾಚಿ ಚೆಂಡು ತಡೆಯುವುದನ್ನು ಅಭ್ಯಾಸ ಮಾಡುತ್ತಿದ್ದ. ಮೇಜರ್ ಬಂದಿದ್ದರು ಎಂದೆ. ಪಿಕ್‌ವರ್ತ್ ಎಂದೆ. ಕೇಂಬ್ರಿಜ್ ಎಂದೆ. ಅವನು ಆ ಹೊಡೆತವನ್ನು ಅರ್ಧಕ್ಕೆ ಬಿಡಲಿಲ್ಲ. ಪೂರ್ತಿ ಮುಗಿಸಿ, ಬ್ಯಾಟನ್ನು ನೆಟ್ಟಗೆ ನಿಲ್ಲಿಸಿಕೊಂಡು ಕೇಳಿದ:

“ಹನ್ನೆರಡನೆಯೋನಾ?”

“ಹೂಂ.”

“ಹನ್ನೆರಡನೆಯೋನು ಬಿಳೀ ಬಟ್ಟೇಲೇ ಇರ್ಬೇಕಲ್ವಾ?”

“ಇರ್ಬೇಕು.”

“ಹಾಗಾದ್ರೆ ಪ್ಯಾಂಟಿಗೆ ಇಸ್ತ್ರಿ ಹಾಕಿಡು” ಎಂದು ಮತ್ತೆ ಟೊಮೇಟೊ ಕಡೆ ತಿರುಗಿದ.

ಬೈದಿದ್ದರೆ, ಬ್ಯಾಟು ಎಸೆದಿದ್ದರೆ ನನಗೆ ಎಷ್ಟೋ ಹಗುರಾಗುತ್ತಿತ್ತು. ಆ ವಾರವೆಲ್ಲ ಅವನು ಮಾತಾಡಿದ್ದು ಬೆಕ್ಕಿನ ಜೊತೆ ಮಾತ್ರ.

ಅಕ್ಕಾ, ಇಲ್ಲಿಗೆ ನಿಲ್ಲಿಸಿ ಬಟ್ಟೆ ಒಳಗೆ ತರಲು ಹೋಗಿದ್ದೆ. ಬೆಕ್ಕಿನ ಮರಿಗಳಲ್ಲಿ ಒಂದು ಈ ಹಾಳೆಯ ಮೇಲೆ ನಡೆದಿದೆ, ಮೂಲೆಯ ಮಸಿ ಅದರದೇ. ಮುಂದೆ ಓದು.

ಪಂದ್ಯದ ದಿನ ಊರಿಗೆ ಊರೇ ಅಲ್ಲಿತ್ತು. ಬಣ್ಣದ ಬಾವುಟ ಕಟ್ಟಿದ್ದರು, ಬ್ಯಾಂಡಿನವರು ಬಂದಿದ್ದರು, ಕುದುರೆ ಸಂತೆಯವರು ಬೆಂಚು ಕೊಟ್ಟಿದ್ದರು. ನಾನು ಎಂದಿನಂತೆ ಮೈದಾನದ ಅಂಚಿನ ಚಹಾ ಗುಡಿಸಿಲಿನಲ್ಲಿ, ಶ್ರೀಮತಿ ಓಡ್ಲಿಂಗ್ ಅವರ ಆಜ್ಞೆಯ ಕೆಳಗೆ. ಕಪ್ಪು ತೊಳೆಯುವ ತೊಟ್ಟಿ ಕಿಟಕಿಯ ಪಕ್ಕದಲ್ಲೇ ಇರುವುದರಿಂದ ಆ ಕೆಲಸವನ್ನು ನಾನು ಯಾರಿಗೂ ಬಿಟ್ಟುಕೊಡುವುದಿಲ್ಲ. ಅಲ್ಲಿಂದ ಆಟ ಕಾಣುತ್ತದೆ.

ಅವರೇ ಮೊದಲು ಬ್ಯಾಟು ಹಿಡಿದರು. ಹಾಲ್ರಾಯ್ಡ್ ಬಂದ. ಅವನ ಆಟದ ಬಗ್ಗೆ ಏನು ಹೇಳಲಿ! ನಮ್ಮ ಹಲ್ಲಿನ ಡಾಕ್ಟರ ಚೆಂಡನ್ನು ಅವನು ಮೂರು ಸಲ ಬೀದಿಗೆ ಕಳಿಸಿದ. ನಾಲ್ಕನೆಯ ಸಲ ಅದು ಅವರದೇ ದವಾಖಾನೆಯ ಮೆಟ್ಟಿಲ ಮೇಲೆ ಬಿತ್ತು. ಒಂದು ಗಂಟೆಯಾದ ಮೇಲೆ ಪಾನಕದ ವಿರಾಮ. ಹೆಡ್ಲಿ ತಟ್ಟೆ ಹಿಡಿದು, ಇಸ್ತ್ರಿಯ ಗೆರೆ ಮುರಿಯದಂತೆ ಮೈದಾನಕ್ಕೆ ಬಿರಬಿರನೆ ನಡೆದ. ಬೆಂಚಿನ ಕಡೆಯಿಂದ ಯಾರೋ ಕೂಗಿದರು: “ಏ ಹೆಡ್ಲಿ, ಬ್ಯಾಟು ಹಿಡಿದಾಗ ಇಷ್ಟು ಬೇಗ ಓಡಿದ್ದಿದ್ರೆ ಇಂಗ್ಲೆಂಡಿಗೇ ಆಡ್ತಿದ್ಯಲ್ಲೋ!” ಜನವೆಲ್ಲ ನಕ್ಕರು. ಅವನೂ ನಕ್ಕ. ಒಂದು ಲೋಟ ಬಿತ್ತು. ನನ್ನ ಕೈಯಲ್ಲಿದ್ದ ಕಪ್ಪಿನ ಹಿಡಿ ಮುರಿಯಿತು. ಶ್ರೀಮತಿ ಓಡ್ಲಿಂಗ್ ನೋಡಿದರೂ ನೋಡದ ಹಾಗಿದ್ದರು.

ಆಮೇಲೆ ಆದದ್ದನ್ನು ಯಾರೂ ಬೇಕೆಂದು ಮಾಡಿದ್ದಲ್ಲ, ಬೈಬಲ್ ಮುಟ್ಟಿ ಹೇಳಬಲ್ಲೆ. ಕೇಂಬ್ರಿಜ್‌ನ ಆ ನೈಜೆಲ್ ಬೌಂಡರಿಯತ್ತ ಹೋಗುತ್ತಿದ್ದ ಚೆಂಡನ್ನು ಅಟ್ಟಿಸಿಕೊಂಡು ಓಡಿಬಂದ. ಚೆಂಡು ಗೆದ್ದಿತು. ಇವನು ನಿಲ್ಲಲಾರದೆ ಹಗ್ಗ ದಾಟಿ, ಮಡಚುವ ಬಟ್ಟೆಕುರ್ಚಿಯಲ್ಲಿ ನಿದ್ದೆಮಾಡುತ್ತಿದ್ದ ಮೇಜರರ ಅತ್ತೆಯ ಮೇಲೆ ಬಿದ್ದ. ಅವರಿಗೆ ತೊಂಬತ್ತರ ಹತ್ತಿರ. ಕುರ್ಚಿ ಇಬ್ಬರನ್ನೂ ಒಳಗೆ ಸೇರಿಸಿಕೊಂಡು ಮಡಚಿತು. ಅಜ್ಜಿಗೆ ಏನೂ ಆಗಲಿಲ್ಲ. ಎದ್ದವರೇ ಕೊಡೆಯಿಂದ ಅವನ ಬೆನ್ನಿಗೆ ಎರಡು ಬಿಟ್ಟು, “ಪರಿಚಯ ಇಲ್ದೆ ಇದೇನಪ್ಪಾ!” ಎಂದರು. ಹುಡುಗನ ಬೆರಳು ಮಾತ್ರ ಕುರ್ಚಿಯ ಸಂದಿನಲ್ಲಿ ಸಿಕ್ಕು ಬದನೆಕಾಯಿಯ ಹಾಗೆ ಊದಿತು.

ಹೆಡ್ಲಿ ಅವನ ಬದಲಿಗೆ ಮೈದಾನಕ್ಕಿಳಿದ. ಬದಲಿಯಾಗಿ ಬಂದವನು ಚೆಂಡು ತಡೆಯಬಹುದು ಅಷ್ಟೆ, ಬ್ಯಾಟು ಹಿಡಿಯುವ ಹಾಗಿಲ್ಲ. ಅವನನ್ನು ಎಲ್ಲಿ ನಿಲ್ಲಿಸಿದರೆ ಅಪಾಯ ಕಡಿಮೆ ಎಂದು ನಾಯಕ ಯೋಚಿಸಿ, ದೂರದ ಅಂಚಿಗೆ, ನಮ್ಮ ಗುಡಿಸಿಲಿನ ಎದುರಿಗೇ ಕಳಿಸಿದ. ಅವನ ಬೆನ್ನು ನನ್ನ ಕಿಟಕಿಗಿತ್ತು. ದಿಂಬಿನ ಚೀಲದ ತೇಪೆ ಬಿಸಿಲಿಗೆ ಹೊಳೆಯುತ್ತಿತ್ತು.

ಹಾಲ್ರಾಯ್ಡ್ ನೂರರ ಹೊಸ್ತಿಲಲ್ಲಿದ್ದ. ಒಂದೇ ಹೊಡೆತಕ್ಕೆ ದಾಟಿಬಿಡೋಣವೆಂದುಕೊಂಡನೋ ಏನೋ, ಮುಂದೆ ನುಗ್ಗಿ ಎತ್ತಿ ಬಾರಿಸಿದ. ಚೆಂಡು ಮೇಲೆ ಹೋಯಿತು, ಹೋಯಿತು, ಚರ್ಚಿನ ಶಿಖರಕ್ಕಿಂತ ಮೇಲೆ ಹೋಯಿತು. ಅದು ನಮ್ಮ ಕಡೆಗೇ ಬರುತ್ತಿತ್ತು. ಹೆಡ್ಲಿ ಮುಂದಕ್ಕೆ ಓಡತೊಡಗಿದ. ತಪ್ಪು! ಗಾಳಿ ಸಮುದ್ರದ ಕಡೆಯಿಂದ ಬೀಸುತ್ತಿತ್ತು, ಚೆಂಡು ಅವನ ತಲೆಯ ಮೇಲಿಂದ ಹಾರಿಹೋಗುತ್ತಿತ್ತು.

ನಾನು ನಾನಾಗಿರಲಿಲ್ಲ, ಅಕ್ಕಾ. ಕಿಟಕಿಯಿಂದ ಅರ್ಧ ಮೈ ಹೊರಗೆ ಹಾಕಿ ಕೂಗಿದೆ: “ಹಿಂದಕ್ಕೆ! ಹಿಂದಕ್ಕೆ ಬಾ! ಎಡಕ್ಕೆ! ಈಗ ನಿಲ್ಲು!”

ಮದುವೆಯಾದಾಗಿನಿಂದ ನಾನು ಹೇಳಿದ್ದನ್ನು ಆ ಮನುಷ್ಯ ಹೇಳಿದ ಹಾಗೆ ಕೇಳಿದ್ದು ಅದೊಂದೇ ಸಲ. ಹಿಂದಕ್ಕೆ ಬಂದ, ಎಡಕ್ಕೆ ಬಂದ, ನಿಂತ. ಎರಡೂ ಕೈ ಹೊಟ್ಟೆಯ ಹತ್ತಿರ ಜೋಡಿಸಿದ. ಚೆಂಡು ಬಿದ್ದ ಸದ್ದು ನನಗೆ ಕೇಳಿಸಿತು, ಹಿಟ್ಟಿನ ಮೂಟೆ ಇಳಿಸಿದ ಹಾಗೆ. ಅದರ ಭಾರಕ್ಕೆ ಹುಲ್ಲಿನ ಮೇಲೆ ಕುಳಿತೇಬಿಟ್ಟ. ದಿಂಬಿನ ಚೀಲ ಪರ್‍ರ್ ಎಂದು ಹರಿಯಿತು. ಚೆಂಡು ಮಡಿಲಲ್ಲಿತ್ತು.

ಆಮೇಲೆ ಎದ್ದ ಗದ್ದಲಕ್ಕೆ ಸಂತೆಯ ಕುದುರೆಗಳು ಬೆದರಿದವು. ಮೇಜರ್ ತಮ್ಮ ಅತ್ತೆಯನ್ನೇ ತಬ್ಬಿಕೊಂಡು ಕುಣಿದರು. ಹಾಲ್ರಾಯ್ಡ್ ನೇರವಾಗಿ ವಾಪಸು ಹೋಗಲಿಲ್ಲ, ಅಷ್ಟು ದೂರ ನಡೆದು ಹೆಡ್ಲಿಯ ಹತ್ತಿರ ಬಂದ, ಕೈ ಕೊಟ್ಟು ಎಬ್ಬಿಸಿದ.

“ಭಲೇ! ನಿಮ್ಮ ಹೆಸರೇನು ಸಾರ್?” ಎಂದ.

ನಮ್ಮ ಬುದ್ಧಿವಂತ ಏನು ಹೇಳಿದ ಗೊತ್ತೆ? “ಹನ್ನೆರಡನೆಯೋನು” ಎಂದ.

ಪಂದ್ಯದಲ್ಲಿ ನಾವು ಸೋತೆವು. ಚೆನ್ನಾಗಿಯೇ ಸೋತೆವು. ನೈಜೆಲ್ ಬದನೆಕಾಯಿ ಬೆರಳಿನಲ್ಲೇ ಆಡಲು ಹೋಗಿ ಮೊದಲ ಚೆಂಡಿಗೇ ಔಟಾದ, ಪಾಪ. ಸಂಜೆ ಚಹಾಕ್ಕೆ ಮುಂಚೆಯೇ ಎಲ್ಲ ಮುಗಿಯಿತು. ಹೆಡ್ಲಿ ಆಡಿದ್ದಿದ್ದರೆ ಮರುದಿನ ಸೋಲುತ್ತಿದ್ದೆವು ಎಂದು ಊರಿನವರು ಈಗಲೂ ಆಣೆಯಿಟ್ಟು ಹೇಳುತ್ತಾರೆ.

ಮರುದಿನ ಪತ್ರಿಕೆಯಲ್ಲಿ ಅಂಕಪಟ್ಟಿ ಬಂತು. ನಿಯಮ ಏನೆಂದರೆ, ಬದಲಿಯಾಗಿ ಬಂದವನ ಹೆಸರು ಅದರಲ್ಲಿ ಹಾಕುವುದಿಲ್ಲ. ಹಾಲ್ರಾಯ್ಡ್‌ನ ಹೆಸರಿನ ಮುಂದೆ “ಕ್ಯಾಚು: ಬದಲಿ ಆಟಗಾರ” ಎಂದಿತ್ತು. ಚಿತ್ರವೂ ಇತ್ತು. ಅದರಲ್ಲಿ ಹಾಲ್ರಾಯ್ಡ್‌ನ ಬೆನ್ನು, ಅದರ ಆಚೆ ನಮ್ಮ ಹೆಡ್ಲಿಯ ಬೂಟುಗಳ ಅಟ್ಟೆ. “ನನ್ನ ಬೂಟೇ! ನೋಡು, ಎಡಗಾಲಿನದಕ್ಕೆ ಮೊಳೆ ಇಲ್ಲ” ಎಂದು ಎಲ್ಲರಿಗೂ ತೋರಿಸಿದ. ಅಂಗಡಿಯಲ್ಲಿದ್ದ ಪತ್ರಿಕೆಗಳನ್ನೆಲ್ಲ ಕೊಂಡು ತಂದಿದ್ದ. ಹಂದಿಮರಿಗಳ ಧಾರಣೆ ನೋಡಬೇಕಾದವರು ನಮ್ಮ ಮನೆಗೇ ಬರಬೇಕಾಯಿತು.

ಆ ರಾತ್ರಿಯ ಊಟಕ್ಕೆ ಅವನ ಮಾತು ವಾಪಸು ಬಂದಿತ್ತು. ಆಲೂಗಡ್ಡೆಯನ್ನು ಮೇಲೆಸೆದು ಮೇಲೆಸೆದು ಕ್ಯಾಚು ಹಿಡಿದು ತೋರಿಸಿದ. “ಒಂದು ಮಾತು ಹೇಳ್ತೀನಿ ಕಣೇ, ಆ ಗದ್ದಲದಲ್ಲೂ ಯಾರೋ ಕೂಗಿದ್ದು ಕೇಳಿಸ್ತು, ಹಿಂದಕ್ಕೆ ಅಂತ. ಮೇಜರ್ ಸಾಹೇಬ್ರೇ ಇರ್ಬೇಕು. ಸೈನ್ಯದ ಗಂಟಲು!” ಎಂದ.

“ಇದ್ದರೂ ಇರಬಹುದು, ಬಟಾಣಿ ಹಾಕ್ಕೋ” ಎಂದೆ.

ಇದಾದ ಮೇಲೆ ಮೇಜರ್ ಮತ್ತೆ ಬಂದರು, ಈ ಸಲ ಹೆಡ್ಲಿ ಮನೆಯಲ್ಲಿರುವಾಗಲೇ. ಎರಡನೆಯ ತಂಡಕ್ಕೆ ನಾಯಕನಾಗು ಎಂದರು. ಹೆಡ್ಲಿ ಎದ್ದು ನಿಂತು, ಇದಕ್ಕಿಂತ ಎತ್ತರದ ಶಿಖರ ಇನ್ನು ತನಗಿಲ್ಲ, ತಾನು ನಿವೃತ್ತನಾಗುತ್ತಿದ್ದೇನೆ ಎಂದು ಸಣ್ಣ ಭಾಷಣವನ್ನೇ ಮಾಡಿದ. ಮೇಜರ್ ಕಣ್ಣೊರೆಸಿಕೊಂಡರು. ನಾನು ಅವನ ಬಿಳಿ ಪ್ಯಾಂಟಿನ ಹೊಲಿಗೆ ಬಿಚ್ಚಿ ನೆಲ ಒರೆಸುವ ಬಟ್ಟೆ ಮಾಡೋಣವೆಂದು ಕತ್ತರಿ ತಂದೆ. ಮೊನ್ನೆ ನೋಡಿದರೆ ಅವನು ಅದನ್ನೇ ತೊಟ್ಟು ಕನ್ನಡಿಯ ಮುಂದೆ ನಿಂತಿದ್ದಾನೆ. “ಅವೆರಿಲ್, ಈ ಹಿಂದ್ಗಡೆ ಇನ್ನೊಂದು ತುಂಡು ಸೇರಿಸಕ್ಕಾಗುತ್ತಾ? ಸ್ಕೆಗ್ನೆಸ್‌ನೋರು ಒಂದೇ ಒಂದು ಪಂದ್ಯಕ್ಕೆ ಕರೀತಾ ಇದಾರೆ. ಅಲ್ಲಿ ಆಲೂಗಡ್ಡೆ ಬೆಳೆಯೋರೂ ಇದಾರೆ.”

ಇನ್ನೇನು ಬರೆಯಲಿ. ಜೂನ್ ಚೆನ್ನಾಗಿದ್ದಾಳೆ, ಅವಳ ಗಂಡನಿಗೆ ಚೆಂಡು ಕಂಡರೆ ಆಗುವುದಿಲ್ಲ, ಅದಕ್ಕೇ ನನಗೆ ಅವನ ಮೇಲೆ ವಿಶೇಷ ಪ್ರೀತಿ. ನಿನ್ನ ಮಂಡಿನೋವಿಗೆ ಬಿಸಿ ಉಪ್ಪಿನ ಶಾಖ ಕೊಡು. ಬಾಸಿಲ್‌ಗೂ ಅವನ ಕುರಿಗಳಿಗೂ ದೇವರು ಒಳ್ಳೆಯ ಹುಲ್ಲು ಕೊಡಲಿ. ನೀನು ನೂರು ಕಾಲ ಸುಖವಾಗಿದ್ದು ನನ್ನನ್ನು ಬೈಯುತ್ತಿರು.

ನಿನ್ನ ಪ್ರೀತಿಯ ತಂಗಿ,
ಅವೆರಿಲ್

ತಾ.ಕ.: ಲಕೋಟೆ ಅಂಟಿಸಿದ್ದೆ, ಮತ್ತೆ ಬಿಚ್ಚಿದೆ. ಯಾರಿಗಾದರೂ ಹೇಳದಿದ್ದರೆ ಆಗುವುದಿಲ್ಲ, ಹೇಳಿದರೆ ಅರ್ಥವಾಗುವುದು ನಿನಗೊಬ್ಬಳಿಗೇ.

ಕಳೆದ ತಿಂಗಳು ಊರ ಉತ್ಸವಕ್ಕೆ ಹೆಂಗಸರ ತಂಡವೊಂದು ನಮ್ಮ ಮೈದಾನಕ್ಕೆ ಆಡಲು ಬಂದಿತ್ತು. ಹೆಡ್ಲಿಯೇ ಅಂಪೈರು. ಅವರಲ್ಲಿ ಒಬ್ಬಳು ರೈಲು ತಪ್ಪಿಸಿಕೊಂಡಿದ್ದಳು. ತಂಡದ ನಾಯಕಿ, ಕೆಂಪು ಮುಖದ ಗಟ್ಟಿಮುಟ್ಟು ಹುಡುಗಿ, ನಮ್ಮ ಗುಡಿಸಿಲಿನ ಕಿಟಕಿಗೆ ಬಂದು, “ನಿಮ್ಮಲ್ಲಿ ಯಾರಾದ್ರೂ ಬ್ಯಾಟು ಹಿಡಿಯೋರು ಇದೀರಾ? ಹೇಗೆ ಆಡಿದ್ರೂ ಪರವಾಗಿಲ್ಲ” ಎಂದು ಕೇಳಿದಳು. ನಾನು ಬಾಯಿ ತೆರೆಯುವುದರಲ್ಲಿದ್ದೆ. ಪಕ್ಕದಲ್ಲೇ ನಿಂತಿದ್ದ ಹೆಡ್ಲಿ ನಕ್ಕು, “ಇವರನ್ನ ಕೇಳ್ತೀಯಲ್ಲಮ್ಮ! ಇವರ್ಯಾರೂ ಚೆಂಡು ಮುಟ್ಟಿದೋರಲ್ಲ, ಪಾಪ” ಎಂದ. ಕೆಟ್ಟ ಮನಸ್ಸಿನಿಂದ ಅಂದದ್ದಲ್ಲ. ನಿಜವಾಗಿ ಹಾಗೆಂದೇ ತಿಳಿದಿದ್ದಾನೆ.

ಅಕ್ಕಾ, ಬೇಲಿಯ ಹಲಗೆ ಕೊಟ್ಟು ನನ್ನನ್ನು ಗೋಡೆಯ ಮುಂದೆ ನಿಲ್ಲಿಸಿ ಕತ್ತಲಾಗುವವರೆಗೆ ಚೆಂಡು ಎಸೆದವಳು ನೀನು. ಯುದ್ಧಕ್ಕೆ ಹಿಂದಿನ ಬೇಸಿಗೆಯಲ್ಲಿ ಜಿಲ್ಲೆಯ ಹೆಂಗಸರ ತಂಡಕ್ಕೆ ನಾನು ಆಡಿದ ಆ ದಿನವೂ ನೀನಿದ್ದೆ. ನಾನು ಔಟಾಗದೆ ಉಳಿದು ವಾಪಸು ಬಂದಾಗ ಬಾವುಟದ ಕಂಬದ ಹತ್ತಿರ ತೆಳ್ಳಗಿನ ಹುಡುಗನೊಬ್ಬ ಟೋಪಿ ತೆಗೆದು, “ಇಂಥ ಹೊಡೆತ ನಾನು ಗಂಡಸರಲ್ಲೂ ನೋಡಿಲ್ಲ” ಎಂದನಲ್ಲ. ನೀನು ನನ್ನನ್ನು ಮೊಣಕೈಯಿಂದ ತಿವಿದೆ. ಈಗ ಯಾರಾದರೂ ಕೇಳಿದರೆ ಹೆಡ್ಲಿ, ನಾವಿಬ್ಬರೂ ಮೊದಲು ಒಬ್ಬರನ್ನೊಬ್ಬರು ನೋಡಿದ್ದು ಚರ್ಚಿನ ಚಹಾ ಕೂಟದಲ್ಲಿ ಎನ್ನುತ್ತಾನೆ. ಮರೆತಿದ್ದಾನೆ. ಸುಮ್ಮನೆ ಮರೆತುಬಿಟ್ಟಿದ್ದಾನೆ.

ನಾನು ಒಳಗೆ ತಿರುಗಿ ಚಾಕು ಎತ್ತಿಕೊಂಡೆ. ಅವರು ಹತ್ತೇ ಜನ ಆಡಿದರು. ಅಂದು ಸ್ಯಾಂಡ್‌ವಿಚ್ಚಿಗೆ ಸೌತೆಕಾಯಿ ಹೆಚ್ಚುವ ಕೆಲಸವೂ ನನ್ನದಾಗಿತ್ತು. ಎಂದೂ ಇಲ್ಲದಷ್ಟು ತೆಳ್ಳಗೆ ಬಂದಿದೆ ಎಂದು ಶ್ರೀಮತಿ ಓಡ್ಲಿಂಗ್ ಹೊಗಳಿದರು.